ಜನವರಿಯಲ್ಲಿ ಕಟ್ಟಿದ ಜಿಮ್ ಫೀಸು ಜುಲೈನಲ್ಲಿ ಯಾರದ್ದು? ಗ್ರಾಹಕ ಸಂರಕ್ಷಣಾ ಪ್ರಾಧಿಕಾರಕ್ಕೆ ಒಂದು ಬಹಿರಂಗ ಪತ್ರ

ಇವರಿಗೆ,
ಮುಖ್ಯ ಆಯುಕ್ತರು,
ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ,
ನವದೆಹಲಿ

ವಿಷಯ: ಜಿಮ್‌ಗಳು ವರ್ಷದ ಫೀಸನ್ನು ಒಟ್ಟಿಗೇ ಕಟ್ಟಿಸಿಕೊಂಡು, ಏನೇ ಆದರೂ ವಾಪಸ್ ಕೊಡದಿರುವ ಬಗ್ಗೆ

ಮಾನ್ಯರೇ,

ನಾನು ದಾವಣಗೆರೆಯಲ್ಲಿ ಸಣ್ಣ ವ್ಯಾಪಾರಿಗಳಿಗೆ ಲೆಕ್ಕ ಬರೆದು, ಜಿಎಸ್‌ಟಿ ರಿಟರ್ನ್ ಹಾಕಿಕೊಡುವವನು. ಕಿರಾಣಿ ಅಂಗಡಿ, ಹೋಟೆಲ್, ಜವಳಿ ವ್ಯಾಪಾರದವರ ಜೊತೆಗೆ ಕೆಲವು ಜಿಮ್‌ಗಳ ಪುಸ್ತಕವೂ ನನ್ನ ಹತ್ತಿರ ಬರುತ್ತೆ. ಹಾಗಾಗಿ ಈ ಪತ್ರದಲ್ಲಿ ಡಂಬಲ್ಸ್ ಕಡಿಮೆ, ಲೆಕ್ಕ ಜಾಸ್ತಿ. ಕನ್ನಡದಲ್ಲೇ ಬರೆಯುತ್ತಿದ್ದೇನೆ. ಓದಿ ಹೇಳುವವರು ನಿಮ್ಮ ಕಚೇರಿಯಲ್ಲಿ ಒಬ್ಬರಾದರೂ ಇದ್ದೇ ಇರುತ್ತಾರೆ.

ಜಿಮ್‌ನ ಲೆಕ್ಕದ ಪುಸ್ತಕ ಬೇರೆ ಅಂಗಡಿಗಳ ಪುಸ್ತಕದ ಹಾಗಿರಲ್ಲ. ಹೋಟೆಲಿನವನಿಗೆ ದಿನಾ ದುಡ್ಡು ಬರುತ್ತೆ, ದಿನಾ ಹೋಗುತ್ತೆ. ಜಿಮ್‌ನವನಿಗೆ ಜನವರಿಯಲ್ಲಿ ಸುರಿಯುತ್ತೆ, ಆಮೇಲೆ ಬಾವಿ ಬತ್ತಿದ ಹಾಗೆ. ಡಿಸೆಂಬರ್ ಕೊನೆಗೆ ಬ್ಯಾನರ್ ಬೀಳುತ್ತೆ: ‘ನ್ಯೂ ಇಯರ್ ಆಫರ್, ಒಂದು ವರ್ಷ ಕಟ್ಟಿದರೆ ಮೂರು ತಿಂಗಳು ಫ್ರೀ.’ ಜನ ಕಟ್ಟುತ್ತಾರೆ. ಜನವರಿ ಎರಡನೇ ವಾರ ಸಂಜೆ ಟ್ರೆಡ್‌ಮಿಲ್ ಹತ್ತಬೇಕೆಂದರೆ ಕಾಯಬೇಕು. ಶಿವರಾತ್ರಿ ಹೊತ್ತಿಗೆ ಕಾಯುವುದು ತಪ್ಪುತ್ತೆ. ಯುಗಾದಿ ಹೊತ್ತಿಗೆ ಬೇಕಾದ ಮಷೀನು ಬೇಕಾದಾಗ ಸಿಗುತ್ತೆ. ಮದುವೆ ಸೀಸನ್‌ನಲ್ಲಿ ಒಂದಷ್ಟು ಹುಡುಗರು ಮತ್ತೆ ಬರುತ್ತಾರೆ, ಮಳೆ ಶುರುವಾದರೆ ಅವರೂ ಇಲ್ಲ.

ಇದರಲ್ಲಿ ಜನರನ್ನು ಬೈಯುವುದಕ್ಕೇನೂ ಇಲ್ಲ. ಎಲ್ಲ ಕಡೆಯೂ ಹೀಗೇ. ಅಮೆರಿಕದ ಮೂರು ಜಿಮ್‌ಗಳ 7,752 ಸದಸ್ಯರ ಹಾಜರಿಯನ್ನು ಮೂರು ವರ್ಷ ನೋಡಿ ಇಬ್ಬರು ಅರ್ಥಶಾಸ್ತ್ರಜ್ಞರು 2006ರಲ್ಲಿ ಒಂದು ಅಧ್ಯಯನ ಪ್ರಕಟಿಸಿದ್ದರು. ತಿಂಗಳಿಗೆ 70 ಡಾಲರ್‌ಗಿಂತ ಜಾಸ್ತಿ ಕಟ್ಟುತ್ತಿದ್ದವರು ತಿಂಗಳಿಗೆ ಸರಾಸರಿ ನಾಲ್ಕು ಚಿಲ್ಲರೆ ಸಲ ಬರುತ್ತಿದ್ದರು. ಅಂದರೆ ಪ್ರತಿ ಭೇಟಿಗೆ 17 ಡಾಲರ್‌ಗೂ ಜಾಸ್ತಿ ಬಿತ್ತು. ಹತ್ತು ಭೇಟಿಯ ಪಾಸ್ ಕೊಂಡಿದ್ದರೆ ಪ್ರತಿ ಸಲಕ್ಕೆ 10 ಡಾಲರಿನಲ್ಲಿ ಮುಗಿಯುತ್ತಿತ್ತು. ಮನುಷ್ಯ ಫೀಸು ಕಟ್ಟುವಾಗ ನಾಳೆಯ ತನ್ನ ಬಗ್ಗೆ ಸ್ವಲ್ಪ ಜಾಸ್ತಿಯೇ ಒಳ್ಳೆಯ ಅಭಿಪ್ರಾಯ ಇಟ್ಟುಕೊಂಡಿರುತ್ತಾನೆ. ಆ ಒಳ್ಳೆಯ ಅಭಿಪ್ರಾಯದ ಮೇಲೆ ಒಂದು ದೊಡ್ಡ ಉದ್ಯಮವೇ ನಿಂತಿದೆ ಅನ್ನುವುದು ನನ್ನ ತಕರಾರು.

ಲೆಕ್ಕ ಹಾಕಿ ತೋರಿಸುತ್ತೇನೆ. ಇದು ಯಾವುದೇ ಒಂದು ಜಿಮ್‌ನ ಲೆಕ್ಕ ಅಲ್ಲ, ಉದಾಹರಣೆಗೆ ಅಂತ ಇಟ್ಟುಕೊಳ್ಳಿ. ನಮ್ಮಂಥ ಊರಲ್ಲಿ ಒಂದು ಮಹಡಿಯ ಜಿಮ್. ಜನವರಿಯಲ್ಲಿ 250 ಜನ ತಲಾ 9,000 ರೂಪಾಯಿ ಕಟ್ಟಿದರು. 22.5 ಲಕ್ಷ ಬಂತು. ತಿಂಗಳ ಖರ್ಚು: ಬಾಡಿಗೆ 70,000, ಮೂವರು ಟ್ರೈನರ್‌ಗಳಿಗೆ 54,000, ಕರೆಂಟು 20,000, ಮಷೀನುಗಳ ಇಎಂಐ 60,000. ಒಟ್ಟು 2.04 ಲಕ್ಷ. ಬಂದ ದುಡ್ಡು ಸರಿಯಾಗಿ ಹನ್ನೊಂದು ತಿಂಗಳಿಗೆ ಸಾಕು. ಮಾಲೀಕ ಅದನ್ನು ಜೋಪಾನ ಮಾಡಿ ತಿಂಗಳು ತಿಂಗಳು ತೆಗೆದು ಖರ್ಚು ಮಾಡಿದರೆ ನವೆಂಬರ್‌ವರೆಗೂ ತೊಂದರೆ ಇಲ್ಲ. ಆದರೆ ಫೆಬ್ರವರಿಯಲ್ಲಿ ಬ್ಯಾಂಕ್ ಖಾತೆಯಲ್ಲಿ ಇಪ್ಪತ್ತು ಲಕ್ಷ ಕೂತಿರುತ್ತಲ್ಲ, ಅದು ಸುಮ್ನೆ ಇರಲು ಬಿಡಲ್ಲ. ಇನ್ನೊಂದು ಬಡಾವಣೆಯಲ್ಲಿ ಎರಡನೇ ಬ್ರಾಂಚ್ ಮಾಡೋಣ ಅನ್ನಿಸುತ್ತೆ. ಕಟ್ಟಡದ ಅಡ್ವಾನ್ಸ್ ಕೊಟ್ಟಾಯ್ತು, ಗೋಡೆಗೆ ಕನ್ನಡಿ ಹಾಕಿಸಿಯಾಯ್ತು, ಹೊಸ ಮಷೀನು ಬಂತು. ಆಷಾಢದಲ್ಲಿ ಮೊದಲ ಬ್ರಾಂಚ್‌ನ ಬಾಡಿಗೆ ಎಲ್ಲಿಂದ ಬರಬೇಕು? ಎರಡನೇ ಬ್ರಾಂಚ್‌ಗೆ ಹೊಸದಾಗಿ ಸೇರಿದವರ ವರ್ಷದ ಫೀಸಿನಿಂದ. ಅವರಿಗೆ ಕೊಡಬೇಕಾದ ವರ್ಷದ ಸೇವೆ ಹಾಗೇ ಬಾಕಿ.

ಲೆಕ್ಕಶಾಸ್ತ್ರದ ಪ್ರಕಾರ ಮುಂಗಡ ಬಂದ ಫೀಸು ಆದಾಯ ಅಲ್ಲ, ಸಾಲ. ಪುಸ್ತಕದ ಎಡಗಡೆ, ಕೊಡಬೇಕಾದ್ದರ ಪಟ್ಟಿಯಲ್ಲಿ ಕೂರಬೇಕಾದ್ದು. ನಾನು ಹಾಗೇ ಬರೆಯುತ್ತೇನೆ. ಮಾಲೀಕರು ಅದನ್ನು ನೋಡಿ, “ಇದ್ಯಾಕೆ ಸಾರ್ ಸಾಲ ಅಂತ ತೋರಿಸಿದೀರಿ, ನಾನು ಯಾರ ಹತ್ರಾನೂ ಸಾಲ ಮಾಡಿಲ್ವಲ್ಲ” ಅನ್ನುತ್ತಾರೆ. ಪಾಪ, ಅವರು ಕಳ್ಳರಲ್ಲ. ಬಹಳ ಜನ ತಾವೇ ದಿನಾ ಬೆಳಿಗ್ಗೆ ಐದಕ್ಕೆ ಬಂದು ಬೀಗ ತೆಗೆಯುವವರು. ತಮ್ಮ ಕೈಲಿರುವುದು 250 ಜನರ ದುಡ್ಡು ಅಂತ ಅವರಿಗೆ ಯಾರೂ ಹೇಳಿಕೊಟ್ಟಿಲ್ಲ. ಹೇಳಬೇಕಾದ ಕಾನೂನೂ ಸುಮ್ಮನಿದೆ.

ದೊಡ್ಡವರೇ ಇದರಲ್ಲಿ ಪಾರಾಗಿಲ್ಲ. 1932ರಲ್ಲಿ ಮುಂಬೈಯಲ್ಲಿ ಶುರುವಾದ ಜಿಮ್ ಕಂಪನಿ ತಲ್ವಾಲ್ಕರ್ಸ್ 2010ರಲ್ಲಿ ಷೇರು ಮಾರುಕಟ್ಟೆಗೂ ಬಂತು. 2019ರಲ್ಲಿ ಸಾಲದ ಬಡ್ಡಿ ಕಟ್ಟಲಾಗದ ಸ್ಥಿತಿ ತಲುಪಿತು. ಮರುವರ್ಷ ಮಾರ್ಚ್‌ನಲ್ಲಿ ಲಾಕ್‌ಡೌನ್. ದೇಶದ ಜಿಮ್‌ಗಳಿಗೆ ಬಾಗಿಲು ತೆಗೆಯಲು ಅನುಮತಿ ಸಿಕ್ಕಿದ್ದು ಆಗಸ್ಟ್ 5ರ ನಂತರ. ಆ ನಾಲ್ಕೂವರೆ ತಿಂಗಳಲ್ಲಿ ಬಾಡಿಗೆ ನಿಲ್ಲಲಿಲ್ಲ, ಇಎಂಐ ಕೊನೆಗೆ ಬಿಡಲಿಲ್ಲ. ಎಷ್ಟೋ ಜಿಮ್‌ಗಳ ಮಷೀನುಗಳು ಸೆಕೆಂಡ್ ಹ್ಯಾಂಡ್‌ಗೆ ಹೋದವು. ಅವುಗಳ ಸದಸ್ಯರ ಫೀಸೂ ಅದರ ಜೊತೆಗೇ ಹೋಯಿತು.

ಈಗ ಸರ್ಕಾರದ ಪಾಲಿನ ಮಾತಿಗೆ ಬರುತ್ತೇನೆ. ಇದನ್ನು ಹೇಳಬೇಕೆಂದೇ ಪತ್ರ ಬರೆಯಲು ಕೂತದ್ದು.

ಸೇವೆಗಳ ವಿಷಯದಲ್ಲಿ ಜಿಎಸ್‌ಟಿ ನಿಯಮ ಏನು ಹೇಳುತ್ತೆ? ಮುಂಗಡ ಬಂದ ದಿನವೇ ತೆರಿಗೆಯ ಹೊಣೆ ಹುಟ್ಟುತ್ತೆ. ಗ್ರಾಹಕ ಜನವರಿಯಲ್ಲಿ ವರ್ಷದ ದುಡ್ಡು ಕಟ್ಟಿದರೆ, ಹನ್ನೆರಡು ತಿಂಗಳ ತೆರಿಗೆಯೂ ಆಗಲೇ ಲೆಕ್ಕಕ್ಕೆ ಬಂದು ಫೆಬ್ರವರಿ ಮುಗಿಯುವುದರೊಳಗೆ ಸರ್ಕಾರಕ್ಕೆ ಸೇರಿರುತ್ತೆ. ಮೇ ತಿಂಗಳಲ್ಲಿ ಜಿಮ್ ಮುಚ್ಚಿತು ಅಂತಿಟ್ಟುಕೊಳ್ಳಿ. ಗ್ರಾಹಕನಿಗೆ ಏಳೆಂಟು ತಿಂಗಳ ಸೇವೆ ಹೋಯಿತು. ಮಾಲೀಕನಿಗೆ ಅಂಗಡಿ ಹೋಯಿತು. ಕಟ್ಟಡದ ಯಜಮಾನ ಅಡ್ವಾನ್ಸ್ ಹಿಡಿದುಕೊಂಡ. ಕೊಡದೇ ಹೋದ ಸೇವೆಗೂ ತೆರಿಗೆ ಪಡೆದದ್ದು ಸರ್ಕಾರ ಮಾತ್ರ. ಗ್ರಾಹಕನಿಗೆ ದುಡ್ಡು ವಾಪಸ್ ಕೊಟ್ಟರೆ ಕಟ್ಟಿದ ತೆರಿಗೆಯನ್ನು ಸರಿಹೊಂದಿಸಿಕೊಳ್ಳಲು ಜಿಎಸ್‌ಟಿಯಲ್ಲಿ ದಾರಿ ಇದೆ. ಆದರೆ ವಾಪಸ್ ಕೊಡಬೇಕಲ್ಲ!

ಹಾಗಾದರೆ ತೆರಿಗೆಯ ಕಾನೂನಿನ ಕಣ್ಣಿಗೆ ವರ್ಷದ ಫೀಸು ಜನವರಿಯಲ್ಲೇ ಕಾಣುತ್ತೆ. ಗ್ರಾಹಕರ ಕಾನೂನಿನ ಕಣ್ಣಿಗೆ ಮಾತ್ರ ಜಿಮ್ ಮುಚ್ಚಿದ ಮೇಲೆ, ಯಾರಾದರೂ ದೂರು ಕೊಟ್ಟ ಮೇಲೆ ಕಾಣುತ್ತೆ. ಇದು ಸರಿನಾ?

2025ರ ಸೆಪ್ಟೆಂಬರ್ 22ರಿಂದ ಜಿಮ್ ಫೀಸಿನ ಮೇಲಿನ ಜಿಎಸ್‌ಟಿ 18ರಿಂದ 5 ಪರ್ಸೆಂಟ್‌ಗೆ ಇಳಿದಿದೆ. ಒಳ್ಳೆಯದೇ. 10,000 ರೂಪಾಯಿ ಫೀಸಿಗೆ 1,800 ಇದ್ದ ತೆರಿಗೆ 500 ಆಯಿತು. ಆದರೆ ಇದರ ಜೊತೆಗೆ ಇನ್‌ಪುಟ್ ಕ್ರೆಡಿಟ್, ಅಂದರೆ ಖರೀದಿ ಮೇಲೆ ಕಟ್ಟಿದ ತೆರಿಗೆಯನ್ನು ತಾನು ಕಟ್ಟಬೇಕಾದ ತೆರಿಗೆಯಲ್ಲಿ ಕಳೆದುಕೊಳ್ಳುವ ಅವಕಾಶ, ಹೋಯಿತು. ಬಾಡಿಗೆ ಮೇಲೆ, ಮಷೀನಿನ ಮೇಲೆ ಕಟ್ಟಿದ ತೆರಿಗೆ ಇನ್ನು ಮಾಲೀಕನ ಮೈಮೇಲೇ. ಹಾಗಾಗಿ ಅಷ್ಟೂ ಲಾಭ ಗ್ರಾಹಕನಿಗೆ ಬರಲ್ಲ, ಅದು ಅರ್ಥ ಆಗುತ್ತೆ. ನಮ್ಮ ಕಡೆಯ ಎಷ್ಟೋ ಜಿಮ್‌ಗಳ ವಹಿವಾಟು 20 ಲಕ್ಷ ದಾಟುವುದೇ ಇಲ್ಲ, ಅವರಿಗೆ ಜಿಎಸ್‌ಟಿಯೇ ಇಲ್ಲ. ಫೀಸು ಇಳಿಸಿ ಅಂತ ನಾನು ಕೇಳುತ್ತಿಲ್ಲ. ಕಟ್ಟಿದ ಫೀಸು ಯಾರದ್ದು ಅಂತ ಕೇಳುತ್ತಿದ್ದೇನೆ.

ನಮ್ಮ ಕೆಳಗಿನ ಮನೆಯ ಹುಡುಗಿ ಬ್ಯಾಂಕಿನಲ್ಲಿ ಕ್ಲರ್ಕ್. ವರ್ಷದ ಫೀಸು ಕಟ್ಟಿ ಜಿಮ್‌ಗೆ ಸೇರಿದಳು, ಹೋಗುತ್ತಲೂ ಇದ್ದಳು. ಅಷ್ಟರಲ್ಲಿ ಬಳ್ಳಾರಿಗೆ ವರ್ಗ ಆಯಿತು. ಉಳಿದ ತಿಂಗಳ ದುಡ್ಡು ಕೇಳಲು ಹೋದರೆ ಕೌಂಟರ್‌ನಲ್ಲಿದ್ದ ಹುಡುಗ ಬಹಳ ಮರ್ಯಾದೆಯಿಂದಲೇ ಹೇಳಿದ: “ರೀಫಂಡ್ ಇಲ್ಲ ಮೇಡಂ. ನಿಮ್ಮ ತಂಗಿನೋ ಫ್ರೆಂಡೋ ಯಾರಾದ್ರೂ ಇದ್ರೆ ಹೇಳಿ, ಅವ್ರ ಹೆಸರಿಗೆ ಮಾಡ್ಕೊಡ್ತೀವಿ. ಟ್ರಾನ್ಸ್‌ಫರ್ ಚಾರ್ಜ್ ಹದಿನೈದು ನೂರು.” ರಸೀದಿಯನ್ನು ನನಗೆ ತಂದು ತೋರಿಸಿದಳು. ಮುಂದೆ ಹೆಸರು, ಮೊತ್ತ, ಸ್ಲಾಟ್. ಹಿಂದೆ ಇರುವೆ ಅಕ್ಷರದಲ್ಲಿ ಇಂಗ್ಲಿಷಿನ ಷರತ್ತುಗಳು. ಒಮ್ಮೆ ಕಟ್ಟಿದ ಹಣ ಯಾವುದೇ ಕಾರಣಕ್ಕೂ ಹಿಂತಿರುಗಿಸುವುದಿಲ್ಲ. ಸಮಯ ಬದಲಿಸುವ ಹಕ್ಕು ಆಡಳಿತದ್ದು. ಮಷೀನು ಕೆಟ್ಟರೆ ಜವಾಬ್ದಾರಿ ಇಲ್ಲ. ಗಾಯವಾದರೆ ಜವಾಬ್ದಾರಿ ಇಲ್ಲ. ಕೊನೆಯ ಸಾಲಿನ ಮೇಲೆ ಅವಳ ಸಹಿ.

ನಿಮ್ಮದೇ ಕಾಯ್ದೆ, 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ, ಇಂಥದ್ದನ್ನು ‘ಅನ್ಯಾಯದ ಒಪ್ಪಂದ’ ಅನ್ನುತ್ತೆ. ಗ್ರಾಹಕನ ಮೇಲೆ ಸಮಂಜಸವಲ್ಲದ ಷರತ್ತು ಹಾಕಿ ಅವನಿಗೆ ನಷ್ಟ ಮಾಡುವ ಒಪ್ಪಂದ ಅಂತ ಅದರಲ್ಲಿ ಬರೆದಿದೆ. ಓದಿದರೆ ಖುಷಿ ಆಗುತ್ತೆ. ಆದರೆ ಒಪ್ಪಂದವೇ ಅನ್ಯಾಯದ್ದು ಅಂತ ದೂರು ಕೊಡಬೇಕಾದರೆ ಜಿಲ್ಲಾ ಗ್ರಾಹಕ ಆಯೋಗಕ್ಕೆ ಆ ಅಧಿಕಾರ ಇಲ್ಲ, ರಾಜ್ಯ ಆಯೋಗಕ್ಕೆ ಹೋಗಬೇಕು. ಆರು ಸಾವಿರ ರೂಪಾಯಿಗೆ ದಾವಣಗೆರೆಯಿಂದ ಬೆಂಗಳೂರಿಗೆ ಓಡಾಡುವವರು ಯಾರು? ಸೇವೆಯಲ್ಲಿ ಕೊರತೆ ಅಂತ ಜಿಲ್ಲಾ ಆಯೋಗದಲ್ಲೇ ದೂರು ಕೊಡಬಹುದು, ಐದು ಲಕ್ಷದವರೆಗೆ ಶುಲ್ಕವೂ ಇಲ್ಲ. ಅಲ್ಲಿ ಜಿಮ್‌ನವನು ಇದೇ ರಸೀದಿಯ ಹಿಂಬದಿ ತೋರಿಸುತ್ತಾನೆ, ಸಹಿ ಇದೆಯಲ್ಲ ಅನ್ನುತ್ತಾನೆ. ಗ್ರಾಹಕ ಸಹಾಯವಾಣಿ 1915ಕ್ಕೆ ಫೋನ್ ಮಾಡು ಅಂತ ಅವಳಿಗೆ ಹೇಳಿದ್ದೆ. ಅವಳು ಬಳ್ಳಾರಿಯಲ್ಲಿ ಮನೆ ಹುಡುಕುವುದರಲ್ಲಿದ್ದಳು. ಬಿಟ್ಟುಬಿಟ್ಟಳು. ಈ ವ್ಯವಹಾರ ನಡೆಯುವುದೇ ಹೀಗೆ ಬಿಟ್ಟುಬಿಡುವವರ ಮೇಲೆ.

2023ರ ನವೆಂಬರ್ 30ರಂದು ನೀವು ಡಾರ್ಕ್ ಪ್ಯಾಟರ್ನ್ ಮಾರ್ಗಸೂಚಿ ಹೊರಡಿಸಿದಿರಿ. ಹದಿಮೂರು ಬಗೆಯ ಮೋಸದ ವಿನ್ಯಾಸಗಳನ್ನು ಹೆಸರಿಟ್ಟು ಪಟ್ಟಿ ಮಾಡಿದಿರಿ. ಅದರಲ್ಲಿ ‘ಇನ್ನು ಎರಡೇ ಸೀಟು ಉಳಿದಿದೆ’ ಅನ್ನುವ ಸುಳ್ಳು ಅವಸರ ಇದೆ, ಸೇರುವುದು ಸುಲಭ ಬಿಡುವುದು ಕಷ್ಟ ಮಾಡುವ ಚಂದಾದ ಬಲೆಯೂ ಇದೆ. ಆದರೆ ಅದೆಲ್ಲ ಆ್ಯಪ್‌ಗೆ, ವೆಬ್‌ಸೈಟಿಗೆ. ಜಿಮ್ ಕೌಂಟರಿನಲ್ಲಿ ಬಾಯಲ್ಲಿ ಹೇಳಿ, ಕಾಗದದ ಮೇಲೆ ಸಹಿ ಹಾಕಿಸಿಕೊಂಡರೆ? “ಈ ರೇಟು ಇವತ್ತು ಸಂಜೆವರೆಗೆ ಮಾತ್ರ ಸಾರ್” ಅನ್ನುವ ಮಾತು ಪರದೆಯ ಮೇಲೆ ಮೂಡಿದರೆ ತಪ್ಪು, ಮನುಷ್ಯನ ಬಾಯಿಂದ ಬಂದರೆ ವ್ಯಾಪಾರ. ಹೀಗೆ ಯಾಕೆ?

ಇದಕ್ಕೆ ಮಾಲೀಕರ ಉತ್ತರ ನನಗೆ ಗೊತ್ತು, ದಿನಾ ಕೇಳುತ್ತೇನೆ. “ತಿಂಗಳು ತಿಂಗಳು ಕಟ್ಟೋರು ಮೂರನೇ ತಿಂಗಳು ಬರಲ್ಲ ಸಾರ್, ವರ್ಷದ್ದು ಕಟ್ಟಿಸ್ಕೊಂಡ್ರೆ ದುಡ್ಡು ಕೊಟ್ಟಿದೀವಲ್ಲ ಅಂತಾದ್ರೂ ಬರ್ತಾರೆ.” ಎರಡನೇ ಅರ್ಧ ನಿಜ ಅಲ್ಲ. ವರ್ಷದ್ದು ಕಟ್ಟಿದವರೂ ಬರಲ್ಲ. ಬರಲ್ಲ ಅಂತ ಗೊತ್ತಿರುವುದರಿಂದಲೇ ಅರವತ್ತು ಜನ ಹಿಡಿಸುವ ಹಾಲ್‌ಗೆ ನಾನೂರು ಜನರನ್ನು ಸೇರಿಸಿಕೊಳ್ಳುವುದು. ಇನ್ನೂರು ಜನರಿಗೆ ಅಡುಗೆ ಮಾಡಿ ಸಾವಿರ ಊಟದ ಕೂಪನ್ ಮಾರಿದ ಹಾಗೆ ಇದು. ಎಲ್ಲರೂ ಒಂದೇ ದಿನ ತಟ್ಟೆ ಹಿಡಿದು ಬಂದರೆ ಕಥೆ ಮುಗಿಯಿತು.

ಇದೇ ಊರಲ್ಲಿ ಶಟಲ್ ಕೋರ್ಟ್ ನೋಡಿ. ಗಂಟೆ ಲೆಕ್ಕ. ಬಾಕ್ಸ್ ಕ್ರಿಕೆಟ್ ಟರ್ಫ್, ಅದೂ ಗಂಟೆ ಲೆಕ್ಕ. ರಾತ್ರಿ ಹನ್ನೊಂದಕ್ಕೂ ಹುಡುಗರು ಆಡುತ್ತಿರುತ್ತಾರೆ. ಜನ ಬಂದರೆ ಮಾತ್ರ ಮಾಲೀಕನಿಗೆ ದುಡ್ಡು. ಹಾಗಾಗಿ ಬಲೆ ಹರಿದರೆ ಮರುದಿನವೇ ಹೊಸದು ಬರುತ್ತೆ, ಲೈಟ್ ಹೋದರೆ ಅವತ್ತೇ ರಿಪೇರಿ, ಎರಡು ವಾರ ಕಾಣದಿದ್ದರೆ ‘ಯಾಕಣ್ಣ ಬರ್ತಿಲ್ಲ’ ಅಂತ ವಾಟ್ಸ್‌ಆ್ಯಪ್ ಬರುತ್ತೆ. ಗರಡಿ ಮನೆಯಲ್ಲಿ ಫೀಸಿನ ಮಾತು ದೂರ. ನಾಲ್ಕು ದಿನ ತಪ್ಪಿಸಿಕೊಂಡರೆ ಉಸ್ತಾದರು ಮನೆಗೇ ಹೇಳಿ ಕಳಿಸುತ್ತಿದ್ದರು. ವರ್ಷದ ಫೀಸು ಕಟ್ಟಿಸಿಕೊಂಡ ಜಿಮ್‌ನಲ್ಲಿ ಟ್ರೆಡ್‌ಮಿಲ್ ಮೇಲೆ ‘ಔಟ್ ಆಫ್ ಆರ್ಡರ್’ ಚೀಟಿ ತಿಂಗಳುಗಟ್ಟಲೆ ಅಂಟಿಕೊಂಡಿರುತ್ತೆ. ನೀವು ಬರದಿದ್ದರೆ ಅಲ್ಲಿ ಯಾರಿಗೂ ನಷ್ಟ ಇಲ್ಲ, ಕರೆಂಟು ಉಳಿಯುತ್ತೆ.

ಇದು ನನ್ನೊಬ್ಬನ ಕೊರಗು ಅಂದುಕೊಳ್ಳಬೇಡಿ. 2024ರಲ್ಲಿ ಲ್ಯಾನ್ಸೆಟ್ ಗ್ಲೋಬಲ್ ಹೆಲ್ತ್ ಪತ್ರಿಕೆಯಲ್ಲಿ ಬಂದ ಅಂದಾಜಿನ ಪ್ರಕಾರ, ಭಾರತದ ವಯಸ್ಕರಲ್ಲಿ ಅರ್ಧದಷ್ಟು ಜನ, ಅಂದರೆ 49.4 ಪರ್ಸೆಂಟ್, ಬೇಕಾದಷ್ಟು ಮೈ ಆಡಿಸುವುದಿಲ್ಲ. 2000ದಲ್ಲಿ ಇದು 22.3 ಇತ್ತು. ಹೆಂಗಸರಲ್ಲಿ ಈ ಪ್ರಮಾಣ ಇನ್ನೂ ಜಾಸ್ತಿ, 57 ಪರ್ಸೆಂಟ್. ಬೇಕಾದಷ್ಟು ಅಂದರೆ ಏನು ಮಹಾ? ವಾರಕ್ಕೆ 150 ನಿಮಿಷ ಬಿರುಸಿನ ನಡಿಗೆ. ಇದೇ ಇಪ್ಪತ್ತು ವರ್ಷಗಳಲ್ಲಿ ಗೋಲ್ಡ್ಸ್ ಜಿಮ್ ಬಂತು, ಬೆಂಗಳೂರಲ್ಲೇ ಹುಟ್ಟಿದ ಕಲ್ಟ್ ಬಂತು, ಫಿಟ್ ಇಂಡಿಯಾ ಅಭಿಯಾನ ಬಂತು, ತಾಲ್ಲೂಕು ಕೇಂದ್ರಗಳಲ್ಲೂ ಜಿಮ್ ಬೋರ್ಡು ಬಂತು. ಕೈಗೆ ಕಟ್ಟುವ ಸ್ಮಾರ್ಟ್ ವಾಚುಗಳಂತೂ ತರಕಾರಿ ಹಾಗೆ ಮಾರಾಟವಾದವು. ಖರೀದಿ ಏರಿತು, ನಡಿಗೆ ಇಳಿಯಿತು. ಉದ್ಯಮ ಬೆಳೆದರೆ ಜನ ತಾನಾಗೇ ಗಟ್ಟಿಯಾಗುತ್ತಾರೆ ಅಂತ ನಂಬಲು ನನಗೆ ಕಾರಣ ಕಾಣುತ್ತಿಲ್ಲ, ಯಾಕಂದ್ರೆ ಉದ್ಯಮದ ದುಡ್ಡು ಜನರ ಹಾಜರಿಗೆ ಅಂಟಿಕೊಂಡೇ ಇಲ್ಲ.

ಟ್ರೈನರ್‌ಗಳ ವಿಷಯ ಇನ್ನೊಂದು ಪತ್ರಕ್ಕಾಗುವಷ್ಟಿದೆ. 2021ರ ಅಕ್ಟೋಬರ್ 29ರಂದು ಪುನೀತ್ ರಾಜ್‌ಕುಮಾರ್ ತೀರಿಕೊಂಡಾಗ ಇಡೀ ಕರ್ನಾಟಕ ಜಿಮ್ ಬಗ್ಗೆ ಮಾತಾಡಿತು. ಜನ ಹೃದಯ ತಪಾಸಣೆಗೆ ಆಸ್ಪತ್ರೆಗಳಲ್ಲಿ ಸಾಲು ನಿಂತರು. ಆಮೇಲೆ ಮಾತು ತಣ್ಣಗಾಯಿತು. ಇವತ್ತಿಗೂ ಕಡಿಮೆ ಸಂಬಳಕ್ಕೆ ಸೇರಿದ ಹುಡುಗ ಪರ್ಸನಲ್ ಟ್ರೈನಿಂಗ್ ಪ್ಯಾಕೇಜು, ಪ್ರೋಟೀನ್ ಡಬ್ಬಿ ಮಾರಿ ಕಮಿಷನ್‌ನಲ್ಲಿ ಜೀವನ ಮಾಡುತ್ತಾನೆ. ಆ ಡಬ್ಬಿಗಳ ಕಥೆಯೂ ಗೊತ್ತಿದ್ದದ್ದೇ. ಕೇರಳದ ವೈದ್ಯರು 36 ಬ್ರಾಂಡ್‌ಗಳನ್ನು ಪರೀಕ್ಷೆ ಮಾಡಿ 2024ರಲ್ಲಿ ಪ್ರಕಟಿಸಿದ ವರದಿಯಲ್ಲಿ ಸುಮಾರು 70 ಪರ್ಸೆಂಟ್ ಡಬ್ಬಿಗಳ ಮೇಲಿನ ಪ್ರೋಟೀನ್ ಲೆಕ್ಕವೇ ತಪ್ಪಿತ್ತು. ಅದು ಆಹಾರ ಸುರಕ್ಷತೆಯವರ ಕೆಲಸ, ನಿಮ್ಮ ತಲೆಗೆ ಕಟ್ಟಲ್ಲ.

ನಿಮ್ಮಿಂದ ಆಗಬೇಕಾದ್ದು ಇದು. ಬಿಟ್ಟು ಹೋಗುವವರಿಗೆ ಬಳಸದ ತಿಂಗಳುಗಳ ಫೀಸು ವಾಪಸ್ ಬರಬೇಕು. ಆಫರ್‌ನಲ್ಲಿ ಸೇರಿದ್ದರೆ ಬಳಸಿದ ತಿಂಗಳಿಗೆ ಮಾಮೂಲಿ ರೇಟು ಹಿಡಿದುಕೊಳ್ಳಲಿ, ಅದು ನ್ಯಾಯ. ಸೇರಿದ ಮೊದಲ ಕೆಲವು ದಿನ ಮನಸ್ಸು ಬದಲಿಸಲು ಅವಕಾಶ ಇರಲಿ. ನ್ಯೂಯಾರ್ಕ್ ರಾಜ್ಯದ ಕಾನೂನು ಮೂರು ದಿನ ಕೊಡುತ್ತೆ, ಅಲ್ಲಿ ಜಿಮ್‌ನವರು ಠೇವಣಿಯ ಭದ್ರತೆಯನ್ನೂ ತೋರಿಸಬೇಕು. ವರ್ಷದ ರೇಟಿನ ಪಕ್ಕದಲ್ಲೇ, ಅಷ್ಟೇ ದೊಡ್ಡ ಅಕ್ಷರದಲ್ಲಿ ತಿಂಗಳ ರೇಟೂ ಬರೆಯಲಿ, ಕೇಳಿದವರಿಗೆ ಅದನ್ನೇ ಕೊಡಲಿ. ರಸೀದಿ ಕನ್ನಡದಲ್ಲಿರಲಿ.

ಇದರಲ್ಲಿ ಮುಖ್ಯವಾದ್ದು ದುಡ್ಡು ಇಡುವ ಜಾಗ. ಮನೆ ಕಟ್ಟಿ ಮಾರುವವರಿಗಾಗಿ ಬಂದ 2016ರ ರೇರಾ ಕಾಯ್ದೆ ಬಿಲ್ಡರ್‌ಗಳಿಗೆ ಏನು ಹೇಳುತ್ತೆ? ಗ್ರಾಹಕರಿಂದ ಬಂದ ದುಡ್ಡಿನಲ್ಲಿ 70 ಪರ್ಸೆಂಟ್ ಬೇರೆ ಖಾತೆಯಲ್ಲಿರಬೇಕು, ಕೆಲಸ ನಡೆದಂತೆ ತೆಗೆಯಬೇಕು, ಒಂದು ಕಟ್ಟಡದ ದುಡ್ಡಲ್ಲಿ ಇನ್ನೊಂದಕ್ಕೆ ಪಾಯ ತೋಡಬಾರದು. ಜಿಮ್‌ನ ಎರಡನೇ ಬ್ರಾಂಚ್ ಕಥೆ ಇದೇ ತಾನೆ? ಮೂರು ತಿಂಗಳಿಗಿಂತ ಜಾಸ್ತಿ ಮುಂಗಡ ತೆಗೆದುಕೊಳ್ಳುವವರು ಹೆಚ್ಚುವರಿ ದುಡ್ಡನ್ನು ಬೇರೆ ಖಾತೆಯಲ್ಲಿಟ್ಟು ತಿಂಗಳು ತಿಂಗಳು ತೆಗೆಯಲಿ. ಸಣ್ಣ ಜಿಮ್‌ನವರಿಗೆ ಈ ರಗಳೆ ಬೇಡ ಅಂದರೆ ಮೂರು ತಿಂಗಳಿಗಿಂತ ಜಾಸ್ತಿ ಕಟ್ಟಿಸಿಕೊಳ್ಳದಿದ್ದರೆ ಆಯ್ತು. ಇದಕ್ಕೆ ನಿಮ್ಮ ಮಾರ್ಗಸೂಚಿ ಸಾಲದೆ ಸಚಿವಾಲಯವೇ ನಿಯಮ ತರಬೇಕಾಗಬಹುದು. ರೀಫಂಡ್ ವಿಷಯ ಮಾತ್ರ ನಿಮ್ಮ ಕೈಲೇ ಇದೆ. ಹೋಟೆಲ್ ಬಿಲ್ಲಿನ ಸರ್ವಿಸ್ ಚಾರ್ಜ್ ಬಗ್ಗೆ 2022ರ ಜುಲೈನಲ್ಲಿ ಮಾರ್ಗಸೂಚಿ ತಂದಿರಿ. ಹೋಟೆಲಿನವರು ಕೋರ್ಟಿಗೆ ಹೋದರು. 2025ರ ಮಾರ್ಚ್‌ನಲ್ಲಿ ದೆಹಲಿ ಹೈಕೋರ್ಟ್ ನಿಮ್ಮ ಪರವೇ ಹೇಳಿತು. ಇಲ್ಲೂ ಅದೇ ಧೈರ್ಯ ಮಾಡಿ.

ತಿಂಗಳು ತಿಂಗಳು ವಸೂಲಿ ಮಾಡುವುದು ತಲೆನೋವು ಅನ್ನುವ ಕಾಲ ಹೋಯಿತು. ಕಂತು ತಾನಾಗೇ ಕಡಿತವಾಗುವ ಯುಪಿಐ ಆಟೋಪೇ 2020ರಿಂದ ಇದೆ. 15,000 ರೂಪಾಯಿವರೆಗಿನ ಕಂತಿಗೆ ಪ್ರತಿ ಸಲ ಪಿನ್ ಹೊಡೆಯಬೇಕಿಲ್ಲ, ದುಡ್ಡು ಕಡಿತವಾಗುವ ಮುನ್ನ ಗ್ರಾಹಕನಿಗೆ ಮೆಸೇಜ್ ಬರಲೇಬೇಕು. ಬೇಡ ಅನ್ನಿಸಿದರೆ ಫೋನಿನಲ್ಲೇ ನಿಲ್ಲಿಸಬಹುದು. ಇದೂ ಪೂರ್ತಿ ಔಷಧಿ ಅಲ್ಲ. ಆಗಲೇ ಹೇಳಿದ ಅಮೆರಿಕದ ಅಧ್ಯಯನದಲ್ಲಿ, ಕೊನೆಯ ಸಲ ಬಂದು ಹೋದವರು ಸದಸ್ಯತ್ವ ರದ್ದು ಮಾಡಲು ಸರಾಸರಿ ಎರಡು ತಿಂಗಳಿಗೂ ಜಾಸ್ತಿ ತೆಗೆದುಕೊಂಡಿದ್ದರು. ಅಷ್ಟು ಸೋಮಾರಿತನಕ್ಕೆ ಎರಡು ತಿಂಗಳ ಫೀಸು ಹೋದರೆ ಹೋಗಲಿ. ಹತ್ತು ತಿಂಗಳದ್ದು ಹೋಗಬಾರದು.

ಮಾಲೀಕರಿಗೂ ಇದರಿಂದ ನಷ್ಟ ಇಲ್ಲ ಅಂತ ನಾನು ಹೇಳಲಾರೆ. ಕೆಲವರಿಗೆ ಮೊದಲ ವರ್ಷ ಕಷ್ಟ ಆಗುತ್ತೆ. ಎರಡನೇ ಬ್ರಾಂಚ್ ಕನಸು ಎರಡು ವರ್ಷ ಮುಂದೆ ಹೋಗಬಹುದು. ನನ್ನ ಕಕ್ಷಿದಾರರಲ್ಲಿ ಒಂದಿಬ್ಬರು ಈ ಪತ್ರ ಓದಿ ಮುನಿಸಿಕೊಳ್ಳಲೂಬಹುದು. ಅವರಿಗೂ ಇದನ್ನೇ ಎದುರಿಗೆ ಕೂರಿಸಿಕೊಂಡು ಹೇಳಿದ್ದೇನೆ.

ಒಂದು ವಿನಂತಿ, ದಿನಾಂಕದ ಬಗ್ಗೆ. ಹೊಸ ವರ್ಷದ ಆಫರಿನ ಬ್ಯಾನರುಗಳು ಡಿಸೆಂಬರ್ ಮೂರನೇ ವಾರ ಪ್ರಿಂಟಿಗೆ ಹೋಗುತ್ತವೆ, ರಸೀದಿ ಪುಸ್ತಕವೂ ಅದರ ಜೊತೆಗೇ. ಒಮ್ಮೆ ಪ್ರಿಂಟ್ ಆದರೆ ಆ ಷರತ್ತುಗಳೇ ಇನ್ನೊಂದು ವರ್ಷ ನಡೆಯುತ್ತವೆ. ಮಾರ್ಗಸೂಚಿಯ ಕರಡನ್ನು ಅಕ್ಟೋಬರಿನಲ್ಲಿ ಹೊರಡಿಸಿ ಒಂದು ತಿಂಗಳು ಅಭಿಪ್ರಾಯ ಕೇಳಿದರೂ ಅಷ್ಟರೊಳಗೆ ಕೆಲಸ ಮುಗಿಯುತ್ತೆ. ಕರಡಿಗೆ ಉತ್ತರ ಬರೆಯುವವರಲ್ಲಿ ನಾನೂ ಒಬ್ಬ ಇರುತ್ತೇನೆ, ಲೆಕ್ಕದ ಹಾಳೆಗಳ ಸಮೇತ.

ಇಂತಿ ನಿಮ್ಮ ವಿಶ್ವಾಸಿ,
ದಾವಣಗೆರೆಯ ಒಬ್ಬ ತೆರಿಗೆ ಸಲಹೆಗಾರ